ತೂಕ ತಪ್ಪಿದ ಹಾಡು

ಅಚೌರ್ಯಾಣುವ್ರತಕ್ಕೆ ಆಚಾರ್ಯ ಉಮಾಸ್ವಾಮಿಗಳು ತತ್ತ್ವಾರ್ಥಸೂತ್ರದಲ್ಲಿ ಹೇಳಿರುವ ಐದು ಅತಿಚಾರಗಳಲ್ಲಿ ‘ಹೀನಾಧಿಕಮಾನೋನ್ಮಾನ’ವೂ ಒಂದು. ಕೊಡುವಾಗ ಕಡಿಮೆ ಅಳತೆ, ಕೊಳ್ಳುವಾಗ ಹೆಚ್ಚಿನ ಅಳತೆ ಎಂಬುದು ಅದರ ತಾತ್ಪರ್ಯ. ಹೊಸಪೇಟೆ, ಕಂಪ್ಲಿಗಳ ವ್ಯಾಪಾರಿ ಮನೆತನಗಳಲ್ಲಿ ಹುಟ್ಟಿದ ನಮಗೆ ಇದು ತಕ್ಕಡಿಯ ಮಾತಾಗಿಯೇ ಪರಿಚಿತ. ಭತ್ತದ ಚೀಲ, ಬೆಲ್ಲದ ಪೆಂಟೆಗಳಾಚೆಗೆ ಅದನ್ನು ಒಯ್ದು ನೋಡಿದವರು ನಮ್ಮಲ್ಲಿ ಕಡಿಮೆ. ಬೆಂಗಳೂರಿನಲ್ಲಿ ಓದುತ್ತಿರುವ ನನ್ನ ಮೊಮ್ಮಗ ರಜೆಗೆ ಬಂದಾಗ ಒಂದು ಆಂಗ್ಲ ಹಾಡನ್ನು ಕೇಳಿಸಿ, ಅದರ ಹಿಂದಿನ ವ್ಯಾಜ್ಯವನ್ನು ವಿವರಿಸಿದ. ಹಾಡು ನನಗೆ ಅಷ್ಟಾಗಿ ಹಿಡಿಸಲಿಲ್ಲ. ವ್ಯಾಜ್ಯ ಮಾತ್ರ ಮನಸ್ಸಿನಲ್ಲಿ ಉಳಿಯಿತು.

ಇಂಗ್ಲೆಂಡಿನ ವಿಗನ್ ಪಟ್ಟಣದ ‘ದಿ ವರ್ವ್’ ಎಂಬ ರಾಕ್ ತಂಡ 1997ರ ಜೂನ್ ತಿಂಗಳಲ್ಲಿ ‘ಬಿಟರ್ ಸ್ವೀಟ್ ಸಿಂಫನಿ’ ಎಂಬ ಹಾಡನ್ನು ಹೊರತಂದಿತು. ಬ್ರಿಟನ್ನಿನ ಜನಪ್ರಿಯ ಗೀತೆಗಳ ಪಟ್ಟಿಯಲ್ಲಿ ಅದು ಎರಡನೆಯ ಸ್ಥಾನಕ್ಕೇರಿತು. ಬರೆದು ಹಾಡಿದವರು ರಿಚರ್ಡ್ ಆಶ್‌ಕ್ರಾಫ್ಟ್. ಹಾಡಿನ ಉದ್ದಕ್ಕೂ ಪಿಟೀಲುಗಳ ಒಂದು ಸ್ವರಸಾಲು ಮರಳಿ ಮರಳಿ ಬರುತ್ತದೆ, ಅದು ಎರವಲು. ರೋಲಿಂಗ್ ಸ್ಟೋನ್ಸ್ ತಂಡದ ‘ದಿ ಲಾಸ್ಟ್ ಟೈಮ್’ 1965ರಲ್ಲಿ ಪ್ರಸಿದ್ಧವಾದ ಗೀತೆ. ಆ ತಂಡದ ಅಂದಿನ ವ್ಯವಸ್ಥಾಪಕರಾಗಿದ್ದ ಆಂಡ್ರ್ಯೂ ಓಲ್ಡಮ್ ತಮ್ಮ ವಾದ್ಯವೃಂದದಿಂದ ಅದೇ ಗೀತೆಯನ್ನು ಬೇರೊಂದು ರೀತಿಯಲ್ಲಿ ನುಡಿಸಿ ಮುದ್ರಿಸಿದ್ದರು. ವರ್ವ್ ತಂಡ ಬಳಸಿಕೊಂಡದ್ದು ಆ ಮುದ್ರಿಕೆಯ ತುಣುಕನ್ನು.

ಮುದ್ರಿಕೆಯ ಒಡೆತನವಿದ್ದ ಕಂಪನಿಯಿಂದ ತಂಡ ಅನುಮತಿ ಪಡೆದಿತ್ತು. ಆದರೆ ಮೂಲ ಗೀತೆಯ ಹಕ್ಕು ಬೇರೊಬ್ಬರ ಕೈಯಲ್ಲಿತ್ತು. ಸ್ಟೋನ್ಸ್ ತಂಡದ ಮತ್ತೊಬ್ಬ ಮಾಜಿ ವ್ಯವಸ್ಥಾಪಕ ಆಲೆನ್ ಕ್ಲೈನ್ ಅದರ ಒಡೆಯರು. ಅವರ ಒಪ್ಪಿಗೆ ಕೇಳುವ ಹೊತ್ತಿಗೆ ಹಾಡು ಸಿದ್ಧವಾಗಿಬಿಟ್ಟಿತ್ತು. ಮೊದಲು ನಿರಾಕರಿಸಿದ ಕ್ಲೈನ್, ಕೊನೆಗೆ ಹಾಡಿನ ಕೃತಿಸ್ವಾಮ್ಯದ ನೂರಕ್ಕೆ ನೂರು ಪಾಲನ್ನು ಬರೆಸಿಕೊಂಡೇ ಒಪ್ಪಿದರು. ಹೊಸದಾಗಿ ಸಾಹಿತ್ಯ ರಚಿಸಿದ ಆಶ್‌ಕ್ರಾಫ್ಟ್‌ರಿಗೆ ದೊರೆತದ್ದು ಒಂದು ಸಾವಿರ ಡಾಲರು. ಕರ್ತೃಗಳ ಸ್ಥಾನದಲ್ಲಿ ಸ್ಟೋನ್ಸ್ ತಂಡದ ಮಿಕ್ ಜಾಗರ್, ಕೀತ್ ರಿಚರ್ಡ್ಸ್ ಅವರ ಹೆಸರು ಬಂದಿತು. ಆ ಹಾಡಿಗಾಗಿ ಅವರಿಬ್ಬರೂ ಒಂದು ಅಕ್ಷರವನ್ನೂ ಬರೆದಿರಲಿಲ್ಲ.

“ತಾತ, ಸಹಿ ಮಾಡಿಕೊಟ್ಟ ಮೇಲೆ ಇದರಲ್ಲಿ ಕಳ್ಳತನವೆಲ್ಲಿ ಬಂತು?” ಎಂದು ಮೊಮ್ಮಗ ಕೇಳಿದ. ನ್ಯಾಯವಾದ ಪ್ರಶ್ನೆಯೇ. ಎಲ್ಲ ಒಪ್ಪಿಗೆಯೂ ಕೈಗೆ ಬರುವ ಮುನ್ನ ಪರರ ಸ್ವರವನ್ನು ತಮ್ಮ ಹಾಡಿಗೆ ಹೆಣೆದುಕೊಂಡದ್ದು ತಂಡದ ದೋಷ, ಅದನ್ನು ಮರೆಮಾಚಬೇಕಿಲ್ಲ. ಆದರೆ ಒಂದು ಸೇರಿನ ಬಾಕಿಗೆ ಇಡೀ ಕಣಜವನ್ನು ಕೊಂಡೊಯ್ಯುವುದು ವಸೂಲಿಯಲ್ಲ. ಸಹಿ ಇತ್ತು, ಕಾನೂನೂ ಇತ್ತು. ತಕ್ಕಡಿ ಮಾತ್ರ ಒಂದೇ ಕಡೆಗೆ ಬಾಗಿತ್ತು. ಸಂಡೂರಿನ ಬೆಟ್ಟಗಳಿಂದ ಮಿತಿಮೀರಿ ಅದಿರು ಹೇರಿಕೊಂಡು ಹೊಸಪೇಟೆಯ ರಸ್ತೆಗಳಲ್ಲಿ ಕೆಂಧೂಳೆಬ್ಬಿಸಿದ ಲಾರಿಗಳನ್ನು ಕಂಡವರಿಗೆ ಇದನ್ನು ಹೆಚ್ಚು ಬಿಡಿಸಿ ಹೇಳಬೇಕಾಗಿಲ್ಲ. ಅಲ್ಲಿಯೂ ಎಷ್ಟೋ ಲಾರಿಗಳ ಬಳಿ ಪರವಾನಗಿಯ ಕಾಗದವಿತ್ತು. ಕಾಗದ ಹೇಳಿದ ತೂಕ ಒಂದು, ಹೇರಿದ ತೂಕ ಇನ್ನೊಂದು. 2011ರಲ್ಲಿ ಲೋಕಾಯುಕ್ತ ವರದಿ ಬಂದು, ಸರ್ವೋಚ್ಚ ನ್ಯಾಯಾಲಯ ಗಣಿಗಾರಿಕೆಯನ್ನು ತಡೆಯುವವರೆಗೆ ನಾವೂ ಆ ಧೂಳನ್ನು ಕುಡಿದವರೇ.

ಹಾಡಿನ ಕಥೆಗೆ ಮರಳೋಣ. ಕ್ಲೈನ್ 2009ರಲ್ಲಿ ನಿಧನರಾದರು. 2019ರ ಮೇ ತಿಂಗಳಲ್ಲಿ ಆಶ್‌ಕ್ರಾಫ್ಟ್ ಒಂದು ಪ್ರಶಸ್ತಿ ಸಮಾರಂಭದಲ್ಲಿ, ಜಾಗರ್ ಮತ್ತು ರಿಚರ್ಡ್ಸ್ ತಮ್ಮ ಹೆಸರನ್ನು ತೆಗೆಸಿ, ಹಾಡಿನ ಮುಂದಿನ ಆದಾಯವನ್ನೆಲ್ಲ ತಮಗೆ ಬಿಟ್ಟುಕೊಟ್ಟಿದ್ದಾರೆಂದು ಪ್ರಕಟಿಸಿದರು. ಯಾವ ನ್ಯಾಯಾಲಯವೂ ಹಾಗೆಂದು ಆಜ್ಞಾಪಿಸಿರಲಿಲ್ಲ. ಕೇಳಿದಾಗ ಒಪ್ಪಿದರು, ಅಷ್ಟೆ. ಪತ್ರಿಕೆಗಳು ಇದನ್ನು ಔದಾರ್ಯವೆಂದು ಹೊಗಳಿದವು. ದಾನವೆಂಬುದು ತನ್ನದನ್ನು ಕೊಡುವುದು. ಹೆಚ್ಚಾಗಿ ಬಂದದ್ದನ್ನು ಹಿಂದಿರುಗಿಸುವುದು ದಾನವಾಗದು. ಆದರೂ ಇಪ್ಪತ್ತೆರಡು ವರ್ಷಗಳ ತರುವಾಯ, ಕಾನೂನಿನ ಬಲವೆಲ್ಲ ತಮ್ಮ ಕಡೆಗಿರುವಾಗ ಕೈ ಸಡಿಲಿಸುವುದು ಸುಲಭವಲ್ಲ. ಪರಿಗ್ರಹ ಹಳತಾದಷ್ಟೂ ಗಟ್ಟಿಯಾಗುತ್ತದೆಂದು ನಮ್ಮ ಮನೆಗಳ ಪಾಲುಪಟ್ಟಿಯ ಜಗಳಗಳೇ ಹೇಳುತ್ತವೆ.

ಇಷ್ಟಾದರೂ ಲೆಕ್ಕ ಮುಗಿಯಲಿಲ್ಲ. ಓಲ್ಡಮ್ ಅವರ ಮುದ್ರಿಕೆಗೆ ಪಿಟೀಲುಗಳ ಆ ಸ್ವರಗಳನ್ನು ಅಳವಡಿಸಿದವರು ಡೇವಿಡ್ ವಿಟೇಕರ್ ಎಂಬ ಸಂಗೀತಗಾರರು. ಎಲ್ಲರ ಕಿವಿಯಲ್ಲಿ ನಿಂತದ್ದು ಅವರ ಕೈಚಳಕ. ಕರ್ತೃಗಳ ಸಾಲಿನಲ್ಲಿ ಅವರ ಹೆಸರು ಎಂದೂ ಬರಲಿಲ್ಲ. 2012ರಲ್ಲಿ ಅವರು ತೀರಿಕೊಂಡರು. ಇನ್ನೂ ಹಿಂದೆ ಹೋದರೆ, ‘ದಿ ಲಾಸ್ಟ್ ಟೈಮ್’ ಗೀತೆಯೇ ಅಮೆರಿಕದ ಕಪ್ಪು ಜನಾಂಗದ ಸ್ಟೇಪಲ್ ಸಿಂಗರ್ಸ್ ಕುಟುಂಬ 1950ರ ದಶಕದಲ್ಲಿ ಹಾಡಿದ ಭಕ್ತಿಗೀತೆಯೊಂದರಿಂದ ಪ್ರೇರಿತವಾದುದು. ಅವರಿಗೆ ಯಾರು ಏನನ್ನು ಹಿಂದಿರುಗಿಸಬೇಕು?

ಹೆಸರಿನ ಈ ಪ್ರಶ್ನೆ ನಮಗೂ ಹೊಸತಲ್ಲ. ಕಮಲಾಪುರದಿಂದ ಕಂಪ್ಲಿಗೆ ಹೋಗುವ ದಾರಿಯಲ್ಲಿ, ಹಂಪೆಯ ಅವಶೇಷಗಳ ನಡುವೆ, ಕುಂಥುನಾಥ ತೀರ್ಥಂಕರರ ಬಸದಿಯಿದೆ. ಎರಡನೆಯ ಹರಿಹರನ ದಂಡನಾಯಕ ಇರುಗಪ್ಪನು 1385ರಲ್ಲಿ ಅದನ್ನು ಕಟ್ಟಿಸಿದನೆಂದು ಎದುರಿನ ಕಂಬದ ಶಾಸನ ಸಾರುತ್ತದೆ. ಜನರಾದರೋ ಅದನ್ನು ಗಾಣಗಿತ್ತಿಯ ಗುಡಿ ಎಂದೇ ಕರೆಯುತ್ತ ಬಂದಿದ್ದಾರೆ. ಎಣ್ಣೆ ಗಾಣದ ಆ ಹೆಂಗಸು ಯಾರೋ, ಕಲ್ಲಿನಲ್ಲಿ ಅವಳಿಗೆ ಒಂದು ಸಾಲೂ ಇಲ್ಲ. ಬಾಯಲ್ಲಿ ಮಾತ್ರ ಉಳಿದಿದ್ದಾಳೆ. ಕಲ್ಲು ಕಡೆದವರಿಗೆ ಅದೂ ಇಲ್ಲ.

ಇದನ್ನೆಲ್ಲ ಬರೆಯಲು ಕಾರಣವುಂಟು. ನಮ್ಮ ಕಡೆಯ ಬಸದಿಯೊಂದರ ಸಮಿತಿಯವರು ಮಹಾವೀರ ಜಯಂತಿಗೆಂದು ಜಿನಸ್ತವನಗಳನ್ನು ಮುದ್ರಿಸಿ, ಜೀರ್ಣೋದ್ಧಾರ ನಿಧಿಗಾಗಿ ಮಾರಲು ಹೊರಟಿದ್ದರು. ಎಂಟು ಸ್ತವನಗಳಲ್ಲಿ ಮೂರಕ್ಕೆ ಸಿನಿಮಾ ಹಾಡುಗಳ ಧಾಟಿ. “ಧರ್ಮಕಾರ್ಯಕ್ಕೆ ತಾನೆ, ಯಾರು ಕೇಳುತ್ತಾರೆ?” ಎಂದರು ಹಿರಿಯರೊಬ್ಬರು. ಧಾರ್ಮಿಕ ವಿಧಿಯ ಸಂದರ್ಭದಲ್ಲಿ ಹಾಡುವುದಕ್ಕೆ 1957ರ ಕೃತಿಸ್ವಾಮ್ಯ ಅಧಿನಿಯಮದಲ್ಲಿ ವಿನಾಯಿತಿಯಿದೆ; ಮುದ್ರಿಸಿ ಮಾರುವುದಕ್ಕೆ ಆ ವಿನಾಯಿತಿ ಒದಗುವುದಿಲ್ಲ. ಕಾನೂನಿನ ಮಾತು ಒತ್ತಟ್ಟಿಗಿರಲಿ, ಅದತ್ತವಾದ ಧಾಟಿಯಲ್ಲಿ ಜಿನಸ್ತುತಿ ಮಾಡಿ, ಬಂದ ಹಣದಿಂದ ಬಸದಿಯ ಸೂರು ಹೊದಿಸುವುದು ನನಗೆ ಸರಿಕಾಣಲಿಲ್ಲ. ಎರಡು ಸಭೆಗಳ ವಾದದ ಬಳಿಕ ಆ ಮೂರು ಧಾಟಿಗಳನ್ನು ಕೈಬಿಟ್ಟು, ಊರಿನ ಹಾರ್ಮೋನಿಯಂ ಮೇಷ್ಟ್ರಿಂದ ಹೊಸ ಧಾಟಿ ಹಾಕಿಸಲಾಯಿತು. ಸಂಭಾವನೆಯನ್ನೂ ಕೊಟ್ಟಾಯಿತು. ಹೊದಿಕೆಯ ಮೇಲೆ ದಾನಿಗಳ ಹೆಸರಿನ ಜೊತೆಗೆ ಮೇಷ್ಟ್ರ ಹೆಸರೂ ಅಷ್ಟೇ ದೊಡ್ಡ ಅಕ್ಷರದಲ್ಲಿರಬೇಕೆಂಬ ನನ್ನ ಸಲಹೆ ಮಾತ್ರ ಮುಂದಿನ ಸಭೆಗೆ ಹೋಗಿದೆ.