ಸುರಪುರ ಸೀಮೆಯಲ್ಲಿ ಒಂದು ಜನವರಿ

ಜನವರಿ 5, 2025, ಭಾನುವಾರ

ಹುಡುಗರು ಸ್ಮರಣ ಸಂಚಿಕೆಗೆ ಎರಡು ಪುಟ ಬೇಕೆಂದಿದ್ದಾರೆ. ವಿಷಯ, ನಮ್ಮ ಸೀಮೆ. ಯಾದಗಿರಿ, ಶಹಾಪುರ, ಸುರಪುರ ಎಂಬ ಮೂರೇ ತಾಲ್ಲೂಕು ಕಟ್ಟಿಕೊಂಡು 2009ರ ಡಿಸೆಂಬರಿನಲ್ಲಿ ನಮ್ಮ ಜಿಲ್ಲೆ ಗುಲ್ಬರ್ಗದಿಂದ ಬೇರೆಯಾದಾಗಲೂ ಇಂಥ ಲೇಖನಗಳು ರಾಶಿ ಬಂದಿದ್ದವು. ಅವುಗಳಲ್ಲಿ ಊರುಗಳಿಗಿಂತ ವಿಶೇಷಣಗಳೇ ಹೆಚ್ಚು. ಬರೆಯುವ ಮೊದಲು ಮತ್ತೊಮ್ಮೆ ತಿರುಗಾಡಿ ಬರೋಣವೆಂದು ಇವತ್ತು ಶಹಾಪುರದ ಬಸ್ಸು ಹಿಡಿದೆ.

ಬುದ್ಧ ಮಲಗಿದ ಗುಡ್ಡ ಬಂತೆಂದರೆ ಬಸ್ಸಿನಲ್ಲಿ ಈಗಲೂ ಒಂದಷ್ಟು ತಲೆ ಕಿಟಕಿಯತ್ತ ಹೊರಳುತ್ತವೆ. ಹಣೆ, ಮೂಗು, ಗಲ್ಲ, ಎದೆ ಎಲ್ಲ ಸ್ಪಷ್ಟ. ಪಕ್ಕದ ಸೀಟಿನವಳು ಮಗುವಿಗೆ, "ಅಲ್ಲಿ ನೋಡು, ಬುದ್ಧಪ್ಪ ಮಲಗ್ಯಾನ, ಗದ್ಲ ಮಾಡಬ್ಯಾಡ" ಎನ್ನುತ್ತಿದ್ದಳು. ಮಗು ನಿಜಕ್ಕೂ ಸುಮ್ಮನಾಯಿತು!

ಅದು ನಿಸರ್ಗದ ಕೈಚಳಕ. ಮನುಷ್ಯರು ಇಟ್ಟ ಕಲ್ಲು ನೋಡಬೇಕೆಂದರೆ ವಿಭೂತಿಹಳ್ಳಿಗೆ ಹೋಗಬೇಕು. ಬೃಹತ್ ಶಿಲಾಯುಗದ ಜನ ಉಳಿ ಮುಟ್ಟಿಸದ ಗುಂಡುಕಲ್ಲುಗಳನ್ನು ಉದ್ದಕ್ಕೂ ಅಡ್ಡಕ್ಕೂ ಸಾಲು ಹಿಡಿದು ಇಟ್ಟಿದ್ದಾರೆ. ಬಿಡಿಬಿಡಿಯಾಗಿ ನೋಡಿದರೆ ಹೊಲದಲ್ಲಿ ಬಿದ್ದ ಕಲ್ಲು, ಅಷ್ಟೆ. ಒಂದು ಮೂಲೆಗೆ ನಿಂತು ಒಂದು ಕಣ್ಣು ಮುಚ್ಚಿದರೆ ಸಾಲು ನೆಟ್ಟಗೆ ಓಡುತ್ತದೆ. ಎರಡು ಹೆಜ್ಜೆ ಸರಿದರೆ ಓರೆಯಾಗಿ ಇನ್ನೊಂದು ಸಾಲು ಏಳುತ್ತದೆ. ಇಟ್ಟವರಿಗೆ ಹಗ್ಗ ಹಿಡಿದು ಅಳೆಯುವುದು ಗೊತ್ತಿತ್ತೆಂದು ನನ್ನ ಗುಮಾನಿ. ಆಡು ಕಾಯುವ ಹುಡುಗನನ್ನು ಕೇಳಿದೆ, ಯಾರು ಇಟ್ಟರಪ್ಪ ಇವನ್ನ? "ಪಾಂಡವ್ರು ಇಟ್ಟಾರ್ರಿ" ಎಂದ. ನಮ್ಮ ಕಡೆ ಯಜಮಾನರಿಲ್ಲದ ಕಲ್ಲೆಲ್ಲ ಪಾಂಡವರ ಖಾತೆಗೆ.

ಜನವರಿ 8, ಬುಧವಾರ

ಗೋಗಿ. ಶಹಾಪುರ ತಾಲ್ಲೂಕಿನ ಈ ಊರಲ್ಲಿ ಚಂದಾ ಹುಸೇನಿಯವರ ದರ್ಗಾ ಇದೆ. ಬಿಜಾಪುರದ ಆದಿಲ್‌ಶಾಹಿ ಮನೆತನದ ಮೊದಲ ನಾಲ್ವರು ಸುಲ್ತಾನರು ಮಲಗಿರುವುದು ಇಲ್ಲಿ, ಈ ಸಂತರ ನೆರಳಲ್ಲಿ. 1510ರಲ್ಲಿ ತೀರಿಕೊಂಡ ಯೂಸುಫ್, ಆಮೇಲೆ ಇಸ್ಮಾಯಿಲ್, ಕೆಲವೇ ತಿಂಗಳು ಪಟ್ಟದಲ್ಲಿದ್ದ ಮಲ್ಲು, 1558ರಲ್ಲಿ ಸತ್ತ ಇಬ್ರಾಹಿಂ. ಗೋಳಗುಮ್ಮಟದಲ್ಲಿ ಪಿಸುಮಾತಿಗೆ ಪ್ರತಿಧ್ವನಿ ಕೇಳಿ ಚಪ್ಪಾಳೆ ತಟ್ಟುವ ಶಾಲೆಮಕ್ಕಳಿಗೆ, ಆ ಮನೆತನ ಕಟ್ಟಿದಾತ ಗೋಗಿಯಲ್ಲಿದ್ದಾನೆಂದು ಯಾರೂ ಹೇಳುವುದಿಲ್ಲ. ರಾಜ್ಯ ಕಟ್ಟಿದವನು ರಾಜಧಾನಿ ಬಿಟ್ಟು ಗುರುವಿದ್ದ ಹಳ್ಳಿಯಲ್ಲಿ ಮಣ್ಣಾದದ್ದು ನನಗೆ ಗೋಳಗುಮ್ಮಟಕ್ಕಿಂತ ದೊಡ್ಡ ಸಂಗತಿಯಾಗಿ ಕಾಣುತ್ತದೆ.

ಹೊರಗಿನವರಿಗೆ ಗೋಗಿ ಗೊತ್ತಿರುವುದು ಯುರೇನಿಯಂ ನಿಕ್ಷೇಪದಿಂದ. ಪರಿಶೋಧನೆಗೆ ಕೊರೆದದ್ದು, ಗಣಿ ಬೇಡವೆಂದು ಜನ ಎದ್ದದ್ದು ಪತ್ರಿಕೆಗಳಲ್ಲೆಲ್ಲ ಬಂದಿತ್ತು. ಚಹಾದಂಗಡಿಯಲ್ಲಿ ಆ ಮಾತೆತ್ತಿದೆ. "ಸುಲ್ತಾನರು ಮ್ಯಾಲ ಅದಾರ್ರೀ, ಅವರಿಂದ ತ್ರಾಸಿಲ್ಲ. ಕೆಳಗಿಂದರದೇ ಅಂಜಿಕಿ" ಎಂದರು ಒಬ್ಬ ಹಿರಿಯರು. ಕುಡಿಯುವ ನೀರಿನ ಮಾತು ಬಂದಾಗ ಯಾರೂ ನಗಲಿಲ್ಲ.

ಜನವರಿ 12, ಭಾನುವಾರ

ಬೆಳಿಗ್ಗೆ ಚಳಿಯಲ್ಲೇ ವಾಗಣಗೇರಾ. ಕೋಟೆಗೋಡೆ ಎಲ್ಲಿ ಮುಗಿಯಿತು, ಬಂಡೆ ಎಲ್ಲಿ ಶುರುವಾಯಿತು ಎಂದು ಹೇಳುವುದು ಕಷ್ಟ. ಎರಡು ಹೆಬ್ಬಂಡೆಗಳ ನಡುವೆ ಸಂದಿ ಸಿಕ್ಕಿತೆಂದರೆ ಅಲ್ಲಿಗಷ್ಟೇ ಗೋಡೆ ತುಂಬಿದಂತಿದೆ. ಉಳಿದದ್ದು ಗುಡ್ಡದ ಪಾಲು. ಕೈಯಿಟ್ಟು ನೋಡಿದೆ, ಹೊತ್ತೇರುವ ಮೊದಲೇ ಬಂಡೆಗೆ ಬಿಸಿ ಹತ್ತಿತ್ತು. ಬೇಡರ ನಾಯಕರು ಈ ಗುಡ್ಡಗಳನ್ನು ಆರಿಸಿಕೊಂಡದ್ದರ ಮರ್ಮ ಮೇಲೆ ನಿಂತರೆ ತಿಳಿಯುತ್ತದೆ. ಸುತ್ತಲೂ ಎರೆಹೊಲದ ಬಯಲು, ಬರುವವರು ಹರದಾರಿ ದೂರದಿಂದಲೇ ಕಾಣುತ್ತಾರೆ.

1705ರ ಫೆಬ್ರವರಿಯಲ್ಲಿ ಬಂದವನು ಸಾಮಾನ್ಯನಲ್ಲ, ಔರಂಗಜೇಬ. ವಯಸ್ಸು ಎಂಬತ್ತಾರು. ದಿಲ್ಲಿ ಬಿಟ್ಟು ದಖ್ಖನಿಗಿಳಿದು ಕಾಲು ಶತಮಾನವಾಗುತ್ತ ಬಂದಿತ್ತು. ಬಿಜಾಪುರ, ಗೋಲ್ಕೊಂಡಗಳನ್ನು ನುಂಗಿದವನಿಗೆ ಈ ಬೇಡರ ಊರು ಹಿಡಿಯಲು ಹೆಚ್ಚುಕಡಿಮೆ ಮೂರು ತಿಂಗಳು ಹಿಡಿಯಿತು. ಅವರ ದೊರೆ ಪಿಡ್ಡನಾಯಕ ಸಂಧಾನದ ಆಟ ಹೂಡಿದ, ತಮ್ಮನನ್ನು ಒತ್ತೆಯಾಗಿ ಕಳಿಸಿದ, ನಾಯಕನಿಗೆ ಹುಚ್ಚು ಹಿಡಿದು ಓಡಿಹೋದನೆಂದು ಸುದ್ದಿ ಹಬ್ಬಿಸಿದ. ಅಷ್ಟರಲ್ಲಿ ಧನಾಜಿ ಜಾಧವನ ಮರಾಠಾ ಕುದುರೆಗಳು ಬಂದು, ಒಳಗಿದ್ದ ತಮ್ಮವರ ಕುಟುಂಬಗಳನ್ನು ಬಿಡಿಸಿಕೊಂಡು ಹೋದವು. ಏಪ್ರಿಲ್ ಕೊನೆಗೆ ಮೊಗಲ್ ಸೇನಾನಿ ಝುಲ್ಫಿಕರ್ ಖಾನ್ ನೀರಿನ ಬಾವಿಗಳನ್ನು ಹಿಡಿದ ಮೇಲೆ ಬೇಡರು ರಾತ್ರಿ ಬೆಂಕಿಯಿಟ್ಟು ಹೊರಟುಹೋದರು. ಬೆಳಗಾದ ಮೇಲೆ ಮೊಗಲರಿಗೆ ಸಿಕ್ಕದ್ದು ಸುಟ್ಟ ಊರು. ಬಾದಶಹ ಖುದ್ದಾಗಿ ನಿಂತು ನಡೆಸಿದ ಕೊನೆಯ ಮುತ್ತಿಗೆ ಇದು.

ಮಧ್ಯಾಹ್ನ ದೇವಾಪುರಕ್ಕೆ ಹೋದೆ. ಮುತ್ತಿಗೆ ಮುಗಿದ ಮೇಲೆ ಮುದುಕ ಆ ಮಳೆಗಾಲವನ್ನೆಲ್ಲ ಇಲ್ಲಿ ಕಳೆದ, ಕಾಯಿಲೆ ಬಿದ್ದ, ಸತ್ತನೆಂಬ ಸುದ್ದಿಯೂ ಪಾಳೆಯದಲ್ಲಿ ಹಬ್ಬಿತ್ತು. ಅಲ್ಲಿಂದ ಪಲ್ಲಕ್ಕಿಯಲ್ಲಿ ಹೊರಟು ಅಹಮದ್‌ನಗರ ಸೇರಿದ, 1707ರಲ್ಲಿ ಅಲ್ಲೇ ಪ್ರಾಣಬಿಟ್ಟ. ಈಗ ದೇವಾಪುರದ ಸುತ್ತ ನಾರಾಯಣಪುರ ಕಾಲುವೆಯ ನೀರು, ಭತ್ತದ ಗದ್ದೆ. ದೊಡ್ಡವರ ಕಥೆಗಳ ಕೊನೆಯ ಪುಟಗಳು ನಮ್ಮ ಸಣ್ಣ ಊರುಗಳಲ್ಲಿ ಬಿದ್ದಿವೆ ಎಂಬುದು ಈ ತಿರುಗಾಟದಲ್ಲಿ ಮತ್ತೆ ಮತ್ತೆ ಎದುರಾಗುತ್ತಿದೆ. ಸಂಚಿಕೆಗೆ ಇದನ್ನೇ ಬರೆಯಬೇಕು.

ಜನವರಿ 14, ಮಂಗಳವಾರ

ಸಂಕ್ರಾಂತಿ. ಎಳ್ಳು ಹಚ್ಚಿದ ಸಜ್ಜೆ ರೊಟ್ಟಿ, ಶೇಂಗಾ ಹೋಳಿಗೆ. ಮನೆಮಂದಿ ಮೈಲಾಪುರದ ಮಲ್ಲಯ್ಯನ ಜಾತ್ರೆಗೆ ಹೋದರು. ಪಲ್ಲಕ್ಕಿಯ ಮೇಲೆ ಕುರಿಮರಿ ಎಸೆಯುವುದನ್ನು ತಡೆಯಲು ಜಿಲ್ಲಾಡಳಿತ ದಾರಿಯಲ್ಲೇ ತಪಾಸಣೆ ಮಾಡುತ್ತದೆ; ಒಳ್ಳೆಯದೇ. ನಾನು ಮನೆಯಲ್ಲಿ ಕೂತು, ಒಂದು ಕಾಲಕ್ಕೆ ಸುರಪುರದ ಆಡಳಿತ ನೋಡಿಕೊಂಡ ಬ್ರಿಟಿಷ್ ಅಧಿಕಾರಿ ಮೆಡೋಸ್ ಟೇಲರನ ಆತ್ಮಕಥೆ ತಿರುವಿದೆ.

ಜನವರಿ 19, ಭಾನುವಾರ

ಬೋನಾಳ ಕೆರೆ. ಪಟ್ಟೆತಲೆ ಹೆಬ್ಬಾತುಗಳು ದಡದ ಕೆಸರಿನಲ್ಲಿ ಗುಂಪುಗಟ್ಟಿದ್ದವು. ಹಿಮಾಲಯ ದಾಟಿ ಬಂದವಕ್ಕೆ ನಮ್ಮ ಕಡಲೆ ಹೊಲದ ರುಚಿ ಹತ್ತಿದೆ ಎಂದು ರೈತರ ದೂರು. ನಾಯಕರ ಕಾಲದ ಈ ಕೆರೆಯನ್ನು ಹಿಗ್ಗಿಸಿದವನು ಫಿಲಿಪ್ ಮೆಡೋಸ್ ಟೇಲರ್. ವಿಭೂತಿಹಳ್ಳಿಯ ಕಲ್ಲುಸಾಲು, ರಾಜನಕೋಳೂರಿನ ಕಲ್ಮನೆಗಳನ್ನು ಬರಹಕ್ಕಿಳಿಸಿ ಹೊರಜಗತ್ತಿಗೆ ತಿಳಿಸಿದವನೂ ಅವನೇ.

ಸಂಜೆ ಸುರಪುರದ ಗುಡ್ಡದ ಮೇಲೆ, ಟೇಲರ್ ಮಂಜಿಲ್ ಹತ್ತಿರ. ಹದಿನೈದರ ಹರೆಯದಲ್ಲಿ ಮುಂಬಯಿಗೆ ಬಂದಿಳಿದು, ನಿಜಾಮನ ಸೈನ್ಯ ಸೇರಿ, 1839ರಲ್ಲಿ ಠಕ್ಕರ ಕಾದಂಬರಿ ಬರೆದು ಹೆಸರಾದ ಈ ಮನುಷ್ಯ 1841ರಲ್ಲಿ ಸುರಪುರಕ್ಕೆ ಬಂದ. ಬಾಲಕ ದೊರೆ ವೆಂಕಟಪ್ಪ ನಾಯಕ, ಅವನ ತಾಯಿ ಈಶ್ವರಮ್ಮ, ಅರಮನೆಯ ಒಳಜಗಳ ಎಲ್ಲವೂ ಇವನ ತಲೆಗೆ ಬಂತು. ಹುಡುಗ ಅವನನ್ನು ಅಪ್ಪಾ ಎಂದೇ ಕರೆಯುತ್ತಿದ್ದ. 1853ರಲ್ಲಿ ರಾಜ್ಯವನ್ನು ಹುಡುಗನ ಕೈಗಿಟ್ಟು ಟೇಲರ್ ಹೊರಟುಹೋದ.

ಜನವರಿ 20, ಸೋಮವಾರ

1858ರ ಫೆಬ್ರವರಿಯನ್ನು ಬರೆಯುವುದು ಸುಲಭವಲ್ಲ. ಸುರಪುರದಲ್ಲಿ ವೆಂಕಟಪ್ಪ ನಾಯಕನ ಕಡೆಯವರಿಗೂ ಬ್ರಿಟಿಷರಿಗೂ ಕಾಳಗ ನಡೆದು, ಬ್ರಿಟಿಷರ ಕ್ಯಾಪ್ಟನ್ ನ್ಯೂಬರಿ ಸತ್ತ. ಯುವ ದೊರೆ ಹೈದರಾಬಾದಿಗೆ ಹೋಗಿ ಸೆರೆ ಸಿಕ್ಕ. ಮರಣದಂಡನೆ ಮೊದಲು ಗಡಿಪಾರಾಯಿತು, ಬಳಿಕ ಇಳಿದು ಚೆಂಗಲ್ಪಟ್ಟಿನಲ್ಲಿ ನಾಲ್ಕು ವರ್ಷದ ಸೆರೆಯಾಯಿತು. ಸೆರೆಮನೆಯಲ್ಲಿ ಕಂಡಾಗ ಹುಡುಗ ತನ್ನನ್ನು ತಬ್ಬಿಕೊಂಡನೆಂದೂ, ಒಳಸಂಚಿನಲ್ಲಿದ್ದವರ ಹೆಸರು ಹೇಳಲು ಒಪ್ಪಲಿಲ್ಲವೆಂದೂ ಟೇಲರನೇ ಬರೆದಿದ್ದಾನೆ. ಚೆಂಗಲ್ಪಟ್ಟಿಗೆ ಸಾಗಿಸುವ ದಾರಿಯ ಬಿಡಾರದಲ್ಲಿ, ಕಾವಲಿನ ಅಧಿಕಾರಿ ಇಟ್ಟಿದ್ದ ಪಿಸ್ತೂಲಿನಿಂದ ದೊರೆ ಗುಂಡು ಹಾರಿಸಿಕೊಂಡ. ಇಪ್ಪತ್ತನಾಲ್ಕು ದಾಟುವುದಿಲ್ಲವೆಂದು ಜೋಯಿಸರು ಹಿಂದೆಯೇ ಹೇಳಿದ್ದರೆಂಬುದು ಟೇಲರನ ಟಿಪ್ಪಣಿ. ಇಲ್ಲಿ ನನಗೆ ಅವನ ಮೇಲೆ ಸಿಟ್ಟು ಬರುತ್ತದೆ. ಕಂಪನಿ ಸರ್ಕಾರ ಮಾಡಿದ್ದನ್ನು ಗ್ರಹಗಳ ತಲೆಗೆ ಕಟ್ಟುವುದು ಎಷ್ಟು ಅನುಕೂಲ! ಆದರೆ ಆ ಹುಡುಗನಿಗಾಗಿ ನೊಂದು ಬರೆದವನೂ ಅವನೇ.

ಹುಡುಗರಲ್ಲೊಬ್ಬ ಓದಿ, "ಸರ್, ಟೇಲರ್ ಸಾಹೇಬನ್ನ ಇಷ್ಟ್ಯಾಕ ಹೊಗಳೀರಿ" ಎಂದ. ಇನ್ನೊಬ್ಬ, "ಇಷ್ಟ್ಯಾಕ ಬೈದೀರಿ" ಎಂದ. ಹಾಗಿದ್ದರೆ ಹದ ಸರಿಯಿರಬೇಕು, ತಿದ್ದಲಿಲ್ಲ.

ಬರುವಾಗ ಪರಿಚಿತರ ಮನೆಯಲ್ಲಿ ಹಳೆಯ ಸುರಪುರ ಚಿತ್ರವೊಂದನ್ನು ನೋಡಿದೆ. ಗರುಡಾದ್ರಿ ಮನೆತನದವರು ಬೆಳೆಸಿದ ಶೈಲಿ. ಅಂಗೈಯಷ್ಟು ಜಾಗದಲ್ಲಿ ಕೃಷ್ಣ, ಅವನ ಕಿರೀಟಕ್ಕೆ ಬಂಗಾರದ ರೇಕು. ಭೂತಗನ್ನಡಿ ಇಟ್ಟರೆ ಕೊರಳಹಾರದ ಒಂದೊಂದು ಮುತ್ತಿಗೂ ಒಂದು ಬೆಳಕಿನ ಚುಕ್ಕಿ ಕಂಡಿತು.

ಜನವರಿ 23, ಗುರುವಾರ

ಹುಣಸಗಿ, ಇಸಾಂಪುರ. ಡೆಕ್ಕನ್ ಕಾಲೇಜಿನ ಕೆ. ಪದ್ದಯ್ಯನವರು ವರ್ಷಗಟ್ಟಲೆ ಕೆಲಸ ಮಾಡಿದ ಹಳ್ಳದ ಸೀಮೆ. ಇಸಾಂಪುರದಲ್ಲಿ ಆದಿಮಾನವರು ಸುಣ್ಣಕಲ್ಲಿನ ಚಪ್ಪಡಿ ಎಬ್ಬಿಸಿ, ಕೈಗೊಡಲಿ ಮಾಡಿದ ಕಾರ್ಖಾನೆಯೇ ಸಿಕ್ಕಿತು. ಕಾಲ ಸುಮಾರು 12 ಲಕ್ಷ ವರ್ಷ. ಇದರ ಮುಂದೆ ಔರಂಗಜೇಬ ನಿನ್ನೆ ಮೊನ್ನೆಯವ. ಇಷ್ಟನ್ನು ಎರಡು ಪುಟದಲ್ಲಿ ಎಲ್ಲಿ ತುರುಕಲಿ?

ಜನವರಿ 26, ಭಾನುವಾರ

ಶಾಲೆಯಲ್ಲಿ ಧ್ವಜಾರೋಹಣ ಮುಗಿಸಿ ಬಂದು ಲೇಖನದ ಕೊನೆಗೆ ಒಂದು ಪ್ಯಾರಾ ಸೇರಿಸಿದೆ. ಸಂಚಿಕೆಯವರು ಅದನ್ನು ಕತ್ತರಿಸಿದರೂ ಇಲ್ಲಿರಲಿ.

ಟೇಲರ್ ಕಡೆಯ ಸಲ ಹೈದರಾಬಾದಿಗೆ ಬಂದು, ಕಣ್ಣು ಮಂದವಾಗಿ ಹಿಂದಿರುಗುವಾಗ, 1876ರ ಮೇ ತಿಂಗಳಲ್ಲಿ ಫ್ರಾನ್ಸಿನ ಮಾಂತೋನ್ ಎಂಬ ಕಡಲಂಚಿನ ಸಣ್ಣ ಊರಿನಲ್ಲಿ ತೀರಿಕೊಂಡ. ನಿಂಬೆಹಣ್ಣಿಗೆ ಹೆಸರಾದ ಊರು, ಇಟಲಿಯ ಗಡಿಗೆ ಹತ್ತಿಕೊಂಡಿದೆ. ಮೊದಲು ಅದು ಮೊನಾಕೊ ರಾಜನದು. 1860ರಲ್ಲಿ ಅಲ್ಲಿಯ ಜನ ಫ್ರಾನ್ಸಿನ ಕಡೆ ಮತ ಹಾಕಿದರು, ಮರುವರ್ಷ ರಾಜ ನಲವತ್ತು ಲಕ್ಷ ಫ್ರಾಂಕು ತೆಗೆದುಕೊಂಡು ಹಕ್ಕು ಬಿಟ್ಟುಕೊಟ್ಟ. ಅದೇ 1860ರಲ್ಲಿ ಬ್ರಿಟಿಷರು ಸುರಪುರವನ್ನು ನಿಜಾಮನಿಗೆ ಬಳುವಳಿಯಾಗಿ ಕೊಟ್ಟರು, ದಂಗೆಯ ಹೊತ್ತಿನಲ್ಲಿ ತಮ್ಮ ಕೈಬಿಡದಿದ್ದಕ್ಕೆ. ಮಾಂತೋನಿನವರ ಕೈಗೆ ಮತಚೀಟಿ ಬಂತು. ಸುರಪುರದವರಿಗೆ ಮತಚೀಟಿ ಕಾಣಲು 1952ರ ಚುನಾವಣೆಯವರೆಗೆ ಕಾಯಬೇಕಾಯಿತು.