ಮರಳಿನ ಮರೆಯ ಉಬಾರ್

ಅರೇಬಿಯಾ ಪರ್ಯಾಯದ್ವೀಪದ ದಕ್ಷಿಣದಲ್ಲಿ ಸುಮಾರು 6.5 ಲಕ್ಷ ಚದರ ಕಿಲೋಮೀಟರುಗಳಷ್ಟು ವಿಸ್ತಾರವಾದ ಮರಳುಗಾಡೊಂದಿದೆ. ಅದರ ಹೆಸರು ‘ರುಬ್ ಅಲ್ ಖಾಲಿ’. ಕನ್ನಡಿಗರ ನಾಲಗೆಯಲ್ಲಿಯೂ ನೆಲೆಗೊಂಡಿರುವ ‘ಖಾಲಿ’ ಎಂಬ ಮಾತು ಅರಬ್ಬೀಯಿಂದಲೇ ಬಂದುದು. ‘ಬರಿದಾದ ಕಾಲುಭಾಗ’ ಎಂದು ಈ ಹೆಸರಿನ ಅರ್ಥ. ಬೆಟ್ಟದೆತ್ತರದ ಮರಳುದಿಣ್ಣೆಗಳು, ಮೇಲೆ ಉರಿಯುವ ಸೂರ್ಯ, ಎಲ್ಲಿಯೋ ಒಂದು ಬಾವಿ. ಇಂತಹ ಬರಡು ನೆಲದ ಒಡಲಿನಲ್ಲಿ ಒಂದು ಮಹಾನಗರವು ಹೂತುಹೋಗಿದೆಯೆಂದು ಅರಬ್ಬರು ಶತಮಾನಗಳಿಂದ ಹೇಳುತ್ತ ಬಂದಿದ್ದಾರೆ.

ಆ ನಗರದ ಹೆಸರು ಉಬಾರ್. ಪವಿತ್ರ ಕುರಾನಿನ 89ನೆಯ ಅಧ್ಯಾಯದಲ್ಲಿ ಬರುವ, ಕಂಬಗಳಿಂದ ಶೋಭಿಸುತ್ತಿದ್ದ ಇರಮ್ ಇದುವೇ ಎಂದು ನಂಬುವವರೂ ಉಂಟು. ಆದ್ ಜನಾಂಗದ ದೊರೆ ಶದ್ದಾದನು ಸ್ವರ್ಗಕ್ಕೆ ಸಾಟಿಯಾದ ನಗರವನ್ನು ಕಟ್ಟಲು ಹೊರಟನಂತೆ. ಪ್ರವಾದಿ ಹೂದರ ಎಚ್ಚರಿಕೆಗೆ ಆ ಜನರು ಕಿವಿಗೊಡಲಿಲ್ಲ. ದೈವಕೋಪವು ಗಾಳಿಯಾಗಿ ಬೀಸಿತು, ಐಶ್ವರ್ಯವೆಲ್ಲ ಮಣ್ಣುಗೂಡಿತು. ಅರೇಬಿಯದ ಸಾವಿರದೊಂದು ಇರುಳುಗಳ ಕಥಾಮಾಲೆಯಲ್ಲಿಯೂ ಈ ನಗರಕ್ಕೆ ಸ್ಥಾನ ದೊರೆತಿದೆ.

ಮರಳುಗಾಡಿಗೆ ಐಶ್ವರ್ಯವೆಲ್ಲಿಂದ ಬರಬೇಕು? ಈ ಪ್ರಶ್ನೆಗೆ ಉತ್ತರವು ಓಮಾನ್ ದೇಶದ ಧೋಫಾರ್ ಪ್ರಾಂತದ ಗಿಡಗಳಲ್ಲಿದೆ. ಅಲ್ಲಿ ಬೆಳೆಯುವ ಒಂದು ಜಾತಿಯ ಕುಳ್ಳು ಮರದ ತೊಗಟೆಯನ್ನು ಕೆತ್ತಿದರೆ ಹಾಲಿನಂತಹ ರಸವು ಒಸರಿ, ಕೆಲವು ದಿನಗಳಲ್ಲಿ ಗಟ್ಟಿಯಾದ ಅಂಟಾಗುತ್ತದೆ. ಅರಬ್ಬರು ಇದನ್ನು ಲುಬಾನ್ ಎನ್ನುತ್ತಾರೆ. ಲೋಬಾನವೆಂಬ ಹೆಸರು ಹುಟ್ಟಿದ್ದು ಈ ಮಾತಿನಿಂದಲೇ. ಪ್ರಾಚೀನ ಈಜಿಪ್ತ್ ಮತ್ತು ರೋಮಿನ ದೇವಾಲಯಗಳಲ್ಲಿ ಈ ಧೂಪಕ್ಕೆ ಅಪಾರವಾದ ಬೆಲೆಯಿತ್ತು. ಅದನ್ನು ಹೇರಿಕೊಂಡ ಒಂಟೆಗಳ ಸಾಲುಗಳಿಗೆ ಮರಳಿನ ಅಂಚಿನಲ್ಲಿ ನೀರೂ ಕಾವಲೂ ಬೇಕಾಗಿದ್ದುವು. ಅಂತಹ ತಂಗುದಾಣವೊಂದು ಸಿರಿವಂತ ಪಟ್ಟಣವಾಗಿ ಬೆಳೆದಿದ್ದರೆ ಅಚ್ಚರಿಯೇನು?

1930ರ ಡಿಸೆಂಬರಿನಲ್ಲಿ ಬರ್ಟ್ರಮ್ ಥಾಮಸ್ ಎಂಬ ಆಂಗ್ಲನು ಸಲಾಲಾ ಪಟ್ಟಣದಿಂದ ಹೊರಟು, ಈ ಮರಳುಗಾಡನ್ನು ದಾಟಿದ ಮೊದಲ ಯುರೋಪಿಯನನೆಂದು ಹೆಸರಾದನು. ದಾರಿಯಲ್ಲಿ ಸಂಗಡಿಗರಾದ ಬೆದೂಯಿನರು ನೆಲದ ಮೇಲೆ ಅಗಲವಾಗಿ ಸವೆದಿದ್ದ ಹಳೆಯ ಜಾಡುಗಳನ್ನು ತೋರಿಸಿ, “ಅದೋ, ಉಬಾರಿನ ಹಾದಿ!” ಎಂದರು. ಜಾಡುಗಳು ಮರಳುದಿಣ್ಣೆಯ ಅಡಿಗೆ ನುಗ್ಗಿ ಮಾಯವಾಗಿದ್ದುವು. ಥಾಮಸನಿಗೆ ಅವುಗಳ ಬೆನ್ನುಹತ್ತಿ ಹೋಗುವಷ್ಟು ನೀರೂ ಇರಲಿಲ್ಲ, ವೇಳೆಯೂ ಇರಲಿಲ್ಲ.

1932ರಲ್ಲಿ ಸೇಂಟ್ ಜಾನ್ ಫಿಲ್ಬಿಯು ಬೇರೊಂದು ದಿಕ್ಕಿನಿಂದ ಈ ನಗರವನ್ನು ಅರಸಿಕೊಂಡು ಬಂದನು. ಅವನಿಗೆ ಕಂಡದ್ದು ಕೋಟೆಯಲ್ಲ, ಸುಟ್ಟು ಕರಕಲಾದ ಅಂಚಿನ ಭಾರಿ ಕುಳಿಗಳು. ಜತೆಯವರು ಅಲ್ಲಿ ಬಿದ್ದಿದ್ದ ಹೊಳೆಯುವ ಕರಿಯ ಗುಂಡುಗಳನ್ನು ರಾಣೀವಾಸದ ಮುತ್ತುಗಳೆಂದು ಬಗೆದು ಆರಿಸಿಕೊಂಡರು. ಆದರೆ ಆ ಕುಳಿಗಳು ಆಕಾಶದಿಂದ ಬಿದ್ದ ಉಲ್ಕೆಯವು. ಮುತ್ತುಗಳೋ, ಆ ಬೇಗೆಗೆ ಕರಗಿ ಗಾಜಾದ ಮರಳು! 1953ರಲ್ಲಿ ಅಮೆರಿಕದ ವೆಂಡೆಲ್ ಫಿಲಿಪ್ಸನು ಥಾಮಸನು ಕಂಡ ಜಾಡನ್ನು ಹಿಡಿದು ಹೊರಟನಾದರೂ ಮರಳಿಗೆ ಸೋತು ಹಿಂದಿರುಗಿದನು.

ನೆಲದಿಂದ ಕಾಣದುದು ಅಂತರಿಕ್ಷದಿಂದ ಕಂಡಿತು. ಥಾಮಸನ ಪುಸ್ತಕವನ್ನು ಓದಿ ಮರುಳಾದ ಚಲನಚಿತ್ರಕಾರ ನಿಕೊಲಾಸ್ ಕ್ಲಾಪ್‌ನು ಅಮೆರಿಕದ ಅಂತರಿಕ್ಷ ವಿಜ್ಞಾನಿಗಳ ನೆರವನ್ನು ಬೇಡಿದನು. 1984ರಲ್ಲಿ ಚಾಲೆಂಜರ್ ನೌಕೆಯ ರೇಡಾರ್ ತೆಗೆದ ಚಿತ್ರಗಳನ್ನೂ ಉಪಗ್ರಹಗಳ ಚಿತ್ರಗಳನ್ನೂ ಹೋಲಿಸಿದಾಗ, ಒಂಟೆಗಳ ಗೊರಸಿನಿಂದ ಸವೆದ ಹಾದಿಗಳು ಗೆರೆಗಳಂತೆ ಮೂಡಿದುವು. ಕೆಲವು ದೈತ್ಯಾಕಾರದ ದಿಣ್ಣೆಗಳ ಅಡಿಯಲ್ಲಿ ಹಾದುಹೋಗಿದ್ದುವು. ಎಂದಮೇಲೆ ಆ ದಿಣ್ಣೆಗಳು ಅಲ್ಲಿ ಬಂದು ನಿಲ್ಲುವುದಕ್ಕೆ ಮೊದಲೇ ಹಾದಿಯಿದ್ದಿತು. ಈ ಹಾದಿಗಳ ಜಾಡು ಸಲಾಲಾಕ್ಕೆ ಉತ್ತರದಲ್ಲಿ, 150 ಕಿಲೋಮೀಟರಿಗೂ ದೂರದಲ್ಲಿರುವ ಶಿಸರ್ ಎಂಬ ನೀರುದಾಣಕ್ಕೆ ಕರೆದೊಯ್ದಿತು.

ಪುರಾತತ್ತ್ವಜ್ಞ ಯೂರಿಸ್ ಜಾರಿನ್ಸ್‌ನ ಮೇಲ್ವಿಚಾರಣೆಯಲ್ಲಿ ಅಲ್ಲಿ ಅಗೆತವು ನಡೆಯಿತು. ಕೋಟೆಯ ಗೋಡೆ, ಬುರುಜುಗಳ ತಳಪಾಯ, ದೂರದೇಶಗಳ ಮಡಕೆಚೂರುಗಳು ಹೊರಬಂದುವು. 1992ರ ಫೆಬ್ರವರಿಯಲ್ಲಿ “ಉಬಾರ್ ದೊರೆಯಿತು” ಎಂಬ ಸುದ್ದಿಯು ಜಗತ್ತಿನ ಪತ್ರಿಕೆಗಳಲ್ಲೆಲ್ಲ ಮೆರೆಯಿತು.

ಇಲ್ಲಿಯೇ ಇರುವುದು ವಿಧಿಯ ವಿನೋದ. ಶಿಸರ್ ಯಾರಿಗೂ ತಿಳಿಯದ ಸ್ಥಳವಾಗಿರಲಿಲ್ಲ. ಥಾಮಸನು ಈ ಮಾರ್ಗವಾಗಿಯೇ ಹಾದುಹೋಗಿದ್ದನು. 1946ರಲ್ಲಿ ವಿಲ್‌ಫ್ರೆಡ್ ಥೆಸಿಜರನೂ ಈ ಬಾವಿಯ ಬಳಿ ತಂಗಿದ್ದನು. ಪಕ್ಕದಲ್ಲಿದ್ದ ಒರಟು ಕೋಟೆಯ ಅವಶೇಷವು ಅವರ ಕಣ್ಣಿಗೆ ಬಿದ್ದಿತ್ತು. ಆದರೆ ಹೊನ್ನಿನ ಕಂಬಗಳನ್ನು ನೆನೆಯುವವರಿಗೆ ಮುರುಕು ಕಲ್ಲುಗೋಡೆ ನಗರವಾಗಿ ತೋರುವುದೆಂತು?

ಕೋಟೆಯು ಬಿದ್ದ ಬಗೆಯೂ ವಿಚಾರಯೋಗ್ಯವಾಗಿದೆ. ಅದನ್ನು ಕಟ್ಟಿದ್ದುದು ಸುಣ್ಣಕಲ್ಲಿನ ಗವಿಯ ಮೇಲೆ. ಗವಿಯ ಆಳದಲ್ಲಿದ್ದ ನೀರೇ ಊರಿನ ಜೀವ. ಕಾಲಕ್ರಮದಲ್ಲಿ ನೀರಿನ ಮಟ್ಟವು ಇಳಿದು, ಆಸರೆ ತಪ್ಪಿದ ಗವಿಯ ಚಾವಣಿಯು ಕುಸಿದು, ಕೋಟೆಯ ಒಂದು ಭಾಗವನ್ನು ನುಂಗಿರಬೇಕೆಂದು ಸಂಶೋಧಕರ ಊಹೆ. ಊರನ್ನು ಭೂಮಿಯೇ ನುಂಗಿತೆಂಬ ಜನಪದದ ನುಡಿ ಬರಿಯ ಕಲ್ಪನೆಯಾಗಿರಲಾರದು.

ಇದು ನಿಜವಾಗಿಯೂ ಉಬಾರೇ? ವಿದ್ವಾಂಸರಲ್ಲಿ ಒಮ್ಮತವಿಲ್ಲ. ಪ್ರಾಚೀನ ಗ್ರಂಥಗಳಲ್ಲಿ ಆ ಹೆಸರು ಒಂದು ನಗರಕ್ಕಲ್ಲ, ಒಂದು ನಾಡಿಗೂ ಜನಕ್ಕೂ ಸಲ್ಲುತ್ತಿದ್ದಿತೆಂದು ಜಾರಿನ್ಸ್‌ನೇ ಮುಂದೆ ಹೇಳಿದನು. 2000ದಲ್ಲಿ ಯುನೆಸ್ಕೋ ಸಂಸ್ಥೆಯು ಶಿಸರನ್ನು ಲೋಬಾನದ ನಾಡಿನ ಇತರ ನೆಲೆಗಳೊಡನೆ ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿತು.

ಇಂದು ಅಲ್ಲಿಗೆ ಹೋಗುವ ಪ್ರವಾಸಿಗೆ ಕಾಣುವುದು ಚಿಕ್ಕದೊಂದು ಹಳ್ಳಿ, ಮೊಣಕಾಲೆತ್ತರದ ಗೋಡೆಗಳು, ನಡುವೆ ಬಾಯ್ದೆರೆದ ಒಂದು ಹಳ್ಳ. ಹೊನ್ನನ್ನು ಅರಸಿ ಬಂದವನು ನಿರಾಶನಾದಾನು. ಆದರೆ ನೂರಾರು ಒಂಟೆಗಳನ್ನು ಮರಳಿಗೆ ಅಟ್ಟುವ ಮುನ್ನ ತೊಗಲಿನ ಚೀಲಗಳಿಗೆ ನೀರು ತುಂಬಿಕೊಳ್ಳುತ್ತಿದ್ದ ಆ ವ್ಯಾಪಾರಿಗಳಿಗೆ ಈ ಹಳ್ಳಕ್ಕಿಂತ ಹೆಚ್ಚಿನ ಭಂಡಾರ ಯಾವುದಿದ್ದೀತು?