ಕೋಲಾಟದ ಕೊನೆಯ ಹೆಜ್ಜೆ

ಸಂಡೂರಿನಲ್ಲಿ ಬಸ್ಸು ಬದಲಿಸಿ ಬಂಡ್ರಿಗೆ ಇಳಿಯುವ ಹೊತ್ತಿಗೆ ನನ್ನ ಬಿಳಿ ಪಂಚೆ ಅದಿರಿನ ಧೂಳಿಗೆ ಕೆಂಪಾಗಿತ್ತು. ಬಂಡ್ರಿ ನನ್ನ ಮಗಳ ಊರು. ಪ್ರತಿಸಲ ಬಾಗಿಲಲ್ಲೇ ಕಾಯುವ ಮೊಮ್ಮಗಳು ಈ ಸಲ ಹೊರಗೇ ಬರಲಿಲ್ಲ. ಪ್ರತಿಭಾ ಕಾರಂಜಿಯಲ್ಲಿ ಅವರ ಕೋಲಾಟಕ್ಕೆ ಬಹುಮಾನ ಸಿಕ್ಕಿರಲಿಲ್ಲ. ಕೊನೆಯ ಸುತ್ತು ಮುಗಿದಾಗ ಏಳು ಹುಡುಗಿಯರು ಕೂತು ಕೋಲು ಎತ್ತಿದರಂತೆ. ಇವಳೊಬ್ಬಳೇ ಮರೆತು ನಿಂತೇ ಇದ್ದಳಂತೆ. ಕೋಲುಗಳು ಅಟ್ಟ ಸೇರಿದ್ದವು.

ರಾತ್ರಿ ಅಳಿಯನ ಲ್ಯಾಪ್‌ಟಾಪಿನಲ್ಲಿ ಅವಳಿಗೂ ಗೆಳತಿಯರಿಗೂ ಒಂದು ಸಾಕ್ಷ್ಯಚಿತ್ರ ತೋರಿಸಿದೆ. 2005ರಲ್ಲಿ ಮರಿಲಿನ್ ಅಗ್ರೆಲೊ ಎಂಬ ನಿರ್ದೇಶಕಿ ತೆಗೆದ ‘ಮ್ಯಾಡ್ ಹಾಟ್ ಬಾಲ್‌ರೂಮ್’. ಬಾಲ್‌ರೂಮ್ ಎಂದರೆ ಜೋಡಿಯಾಗಿ ಕೈ ಹಿಡಿದು ಆಡುವ ಪಾಶ್ಚಾತ್ಯ ಕುಣಿತ. ನ್ಯೂಯಾರ್ಕಿನ ಸರ್ಕಾರಿ ಶಾಲೆಗಳ ಐದನೇ ತರಗತಿಯ ಮಕ್ಕಳು ಹತ್ತು ವಾರ ಟ್ಯಾಂಗೋ, ರುಂಬಾ, ಸ್ವಿಂಗ್ ಕಲಿತು ಸ್ಪರ್ಧೆಗೆ ಇಳಿಯುತ್ತಾರೆ. ಕ್ಯಾಮೆರಾ ಮೂರು ಶಾಲೆಗಳ ಬೆನ್ನು ಹತ್ತಿದೆ.

“ತಾತಾ, ಕೈ ಹಿಡಿಯಾಕ ಎಷ್ಟು ನಾಚ್ಕೋತಾರ ನೋಡು!” ಎಂದು ಹುಡುಗಿಯರು ಬಿದ್ದು ಬಿದ್ದು ನಕ್ಕರು. ಅಲ್ಲಿನ ಮಕ್ಕಳೂ ಹೆಜ್ಜೆ ತಪ್ಪುತ್ತಾರೆ, ಜಗಳವಾಡುತ್ತಾರೆ. ಕಪ್ ಗೆಲ್ಲುವುದು ವಾಷಿಂಗ್ಟನ್ ಹೈಟ್ಸ್ ಎಂಬ ವಲಸಿಗರ ಬಡಾವಣೆಯ ಶಾಲೆ. ಆದರೆ ಅದಕ್ಕೂ ಮೊದಲೇ ಟ್ರೈಬೆಕಾ ಬಡಾವಣೆಯ ಮಕ್ಕಳು ಸೋತು ಅಳುವುದನ್ನು ಅಗ್ರೆಲೊ ಮುಚ್ಚಿಡದೆ ತೋರಿಸಿದ್ದಾರೆ. ಅಲ್ಲಿಗೆ ನಗು ನಿಂತಿತು.

“ಸೋತೋರ್ನ ಯಾಕ ಸಿನಿಮಾದಾಗ ಹಾಕ್ಯಾರ?” ಮೊಮ್ಮಗಳು ಕೇಳಿದಳು.

“ಅವರೂ ಹತ್ತು ವಾರ ಕುಣಿದಾರಲ್ಲವ್ವಾ” ಎಂದೆ.

ಮರುದಿನ ಹೊಸಪೇಟೆ ಹಾದು ಹಂಪಿಗೆ ಹೋದೆವು. ಹಜಾರರಾಮ ಗುಡಿಯ ಪ್ರಾಕಾರದ ಹೊರಗೋಡೆ ನನಗೆ ಯಾವತ್ತೂ ಕಲ್ಲಿನ ಸಿನಿಮಾ ರೀಲಿನಂತೆಯೇ ಕಾಣುತ್ತದೆ: ಆನೆಗಳ ಸಾಲು, ಕುದುರೆಗಳ ಸಾಲು, ಸೈನಿಕರು, ಮೇಲೆ ಕುಣಿಯುವ ಹೆಂಗಳೆಯರು. ನೆರಳಲ್ಲಿ ಕೂತು ಪಾಯೆಸ್‌ನ ಕತೆ ಹೇಳಿದೆ. ಸುಮಾರು 1520ರಲ್ಲಿ, ಕೃಷ್ಣದೇವರಾಯನ ಕಾಲದಲ್ಲಿ, ಇಲ್ಲಿಗೆ ಬಂದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸ್ ಅರಮನೆಯಲ್ಲಿ ಹೆಣ್ಣುಮಕ್ಕಳು ನೃತ್ಯ ಕಲಿಯುವ ಒಂದು ಮಂಟಪವನ್ನು ನೋಡಿ ಬರೆದಿಟ್ಟಿದ್ದಾನೆ. ಅಲ್ಲಿನ ಫಲಕಗಳಲ್ಲಿ ಒಂದೊಂದು ನೃತ್ಯದ ಕೊನೆಯ ಭಂಗಿಯನ್ನು ಮಾತ್ರ ಚಿತ್ರಿಸಿದ್ದರಂತೆ. ಕುಣಿತ ಮುಗಿದಾಗ ಹೇಗೆ ನಿಲ್ಲಬೇಕೆಂದು ಮರೆತವರು ಅದನ್ನು ನೋಡಿ ನೆನಪು ಮಾಡಿಕೊಳ್ಳಲಿ ಎಂದು!

ಮೊಮ್ಮಗಳು ತಟ್ಟನೆ ತಿರುಗಿದಳು. “ರಾಜನ ಮುಂದ ಕುಣಿಯೋರೂ ಮರೀತಿದ್ರಾ?”

“ಮರೀದಿದ್ರ ಚಿತ್ರ ಯಾಕ ಬರೆಸ್ತಿದ್ರು?”

ಅವಳು ಗೋಡೆಯ ನರ್ತಕಿಯರನ್ನು ಒಬ್ಬೊಬ್ಬರನ್ನಾಗಿ ನೋಡುತ್ತಾ ಹೋದಳು. ಆಮೇಲೆ ಬಿಸಿಲಲ್ಲೇ ಮೊಣಕಾಲೂರಿ ಕೂತು, ಇಲ್ಲದ ಕೋಲುಗಳನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದಳು.

“ತಾತಾ, ಹಿಂಗ ಕೂಡಬೇಕಿತ್ತು. ಫೋಟೊ ತಗಿ.”